ಕೆರೆಯ ದಾವೆ ಮತ್ತು ನ್ಯಾಯಾಲಯಗಳ ಮೆಟ್ಟಿಲು

(ಬೆಟ್ಟದ ತಪ್ಪಲಿನ ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳಿಗಾಗಿ ನೀಡಿದ ಉಪನ್ಯಾಸದ ಪಾಠ)



ನಂದಿ ಬೆಟ್ಟದ ಸಾಲಿನಲ್ಲಿ ಹುಟ್ಟುವ ಅರ್ಕಾವತಿಯು ದೊಡ್ಡಬಳ್ಳಾಪುರ ತಾಲ್ಲೂಕಿನ ಕೆರೆಗಳನ್ನು ಒಂದೊಂದಾಗಿ ಹಾದು ಹೆಸರಘಟ್ಟದ ಕಡೆಗೆ ಸಾಗುತ್ತದೆ. ಅದೇ ಬೆಟ್ಟಸಾಲಿನ ದಕ್ಷಿಣ ಪಿನಾಕಿನಿಯು ದೇವನಹಳ್ಳಿ, ಹೊಸಕೋಟೆಗಳ ಕಡೆಗೆ ಹರಿಯುತ್ತದೆ. ಶಿವಗಂಗೆಯ ಬೆಟ್ಟದಲ್ಲಿ ಹುಟ್ಟುವ ಕುಮುದ್ವತಿಯು ನೆಲಮಂಗಲ ತಾಲ್ಲೂಕನ್ನು ದಾಟಿ ತಿಪ್ಪಗೊಂಡನಹಳ್ಳಿಯ ಬಳಿ ಅರ್ಕಾವತಿಯನ್ನು ಸೇರುತ್ತದೆ. ಈ ಮೂರು ನದಿಗಳಲ್ಲಿ ಒಂದೂ ವರ್ಷವಿಡೀ ತುಂಬಿ ಹರಿಯುವಂಥದಲ್ಲ. ಆದಕಾರಣ ಬೆಂಗಳೂರು ಗ್ರಾಮಾಂತರ ಜಿಲ್ಲೆಯ ನಾಲ್ಕು ತಾಲ್ಲೂಕುಗಳ ಬಾಳು ನಿಂತಿರುವುದು ಮೇಲಿನ ಕೆರೆಯ ಕೋಡಿ ಬಿದ್ದು ಕೆಳಗಿನ ಕೆರೆ ತುಂಬುವ ಹಳೆಯ ಏರ್ಪಾಟಿನ ಮೇಲೆ. ನಡುವಿನ ಒಂದು ರಾಜಕಾಲುವೆ ಮುಚ್ಚಿದರೆ ಕೆಳಗಿನ ಹತ್ತು ಊರುಗಳ ಬಾವಿ ಬತ್ತುತ್ತದೆ.

ಈ ಕೆರೆ, ಕಾಲುವೆ, ಗೋಮಾಳ, ಗುಂಡುತೋಪುಗಳ ಹಣೆಬರಹವು ಇಂದು ಬಹುಪಾಲು ನಿರ್ಧಾರವಾಗುತ್ತಿರುವುದು ನ್ಯಾಯಾಲಯಗಳಲ್ಲಿ. ಅಧಿಕಾರಿಯು ಒತ್ತುವರಿ ತೆರವಿಗೆ ಬಂದ ದಿನವೇ ಒತ್ತುವರಿದಾರನು ಒಂದು ಕಾಗದವನ್ನು ಮುಂದಿಡುತ್ತಾನೆ. "ಅವನು ಸ್ಟೇ ತಂದಿದ್ದಾನೆ" ಎಂಬ ಒಂದು ಮಾತಿಗೆ ಇಡೀ ಊರು ಸುಮ್ಮನಾಗುತ್ತದೆ. ಆ ಕಾಗದ ಯಾವುದು, ಅದನ್ನು ಕೊಟ್ಟವರು ಯಾರು, ಅದು ತಪ್ಪಾಗಿದ್ದಲ್ಲಿ ತಿದ್ದುವವರು ಯಾರು ಎಂದು ಕೇಳುವವರು ವಿರಳ. ಮೇಲಿನ ನ್ಯಾಯಾಲಯವು ಕೆಳಗಿನ ನ್ಯಾಯಾಲಯವನ್ನು ಹೇಗೆ ನೋಡಿಕೊಳ್ಳುತ್ತದೆ, ಹೇಗೆ ತಿದ್ದುತ್ತದೆ, ಎಲ್ಲಿ ತಿದ್ದಲಾರದು ಎಂಬುದನ್ನು ಅರಿಯದೆ ಪರಿಸರದ ಹೋರಾಟವು ಇನ್ನು ಮುಂದೆ ಸಾಗದು. ಈ ಉಪನ್ಯಾಸದ ವಿಷಯ ಅದೇ ಆಗಿದೆ.

ಮೆಟ್ಟಿಲುಗಳ ಪರಿಚಯ

ಬೆಂಗಳೂರು ಜಿಲ್ಲೆಯನ್ನು ವಿಭಜಿಸಿ ಗ್ರಾಮಾಂತರ ಜಿಲ್ಲೆಯನ್ನು ರಚಿಸಿದ್ದು 1986ರಲ್ಲಿ. 2007ರಲ್ಲಿ ರಾಮನಗರ ಜಿಲ್ಲೆ ಬೇರ್ಪಟ್ಟ ಬಳಿಕ ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ ಎಂಬ ನಾಲ್ಕು ತಾಲ್ಲೂಕುಗಳು ಉಳಿದವು. ಈ ನಾಲ್ಕೂ ಪಟ್ಟಣಗಳಲ್ಲಿ ಸಿವಿಲ್ ನ್ಯಾಯಾಧೀಶರ ಹಾಗೂ ಪ್ರಥಮ ದರ್ಜೆ ನ್ಯಾಯಿಕ ದಂಡಾಧಿಕಾರಿಗಳ ನ್ಯಾಯಾಲಯಗಳಿವೆ. ಹಳ್ಳಿಯ ದಾವೆ ಮೊದಲು ಬರುವುದು ಇಲ್ಲಿಗೆ. ಇದರ ಮೇಲೆ ಹಿರಿಯ ಸಿವಿಲ್ ನ್ಯಾಯಾಧೀಶರು, ಅವರ ಮೇಲೆ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಧೀಶರು, ಅವರ ಮೇಲೆ ಕರ್ನಾಟಕ ಉಚ್ಚ ನ್ಯಾಯಾಲಯ, ಕಡೆಯಲ್ಲಿ ದೆಹಲಿಯ ಸರ್ವೋಚ್ಚ ನ್ಯಾಯಾಲಯ.

ಇದರ ಪಕ್ಕದಲ್ಲಿ ಇನ್ನೊಂದು ಮೆಟ್ಟಿಲಿನ ಸಾಲಿದೆ. ಅದು ಕಂದಾಯ ಇಲಾಖೆಯದು. ಪಹಣಿ, ಖಾತೆ, ಒತ್ತುವರಿ ತೆರವುಗಳ ತಕರಾರು ತಹಸೀಲ್ದಾರರಿಂದ ಉಪವಿಭಾಗಾಧಿಕಾರಿಗೆ, ಅಲ್ಲಿಂದ ಜಿಲ್ಲಾಧಿಕಾರಿಗೆ, ಕೆಲವು ವಿಷಯಗಳಲ್ಲಿ ಕರ್ನಾಟಕ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಏರುತ್ತದೆ. ಮೂರನೆಯ ಸಾಲು 2010ರ ಕಾಯಿದೆಯಿಂದ ಬಂದ ರಾಷ್ಟ್ರೀಯ ಹಸಿರು ನ್ಯಾಯಾಧಿಕರಣದ್ದು. ಕರ್ನಾಟಕದ ಅರ್ಜಿಗಳು ಅದರ ಚೆನ್ನೈ ಪೀಠದ ಮುಂದೆ ಹೋಗುತ್ತವೆ.

ಈ ಮೂರೂ ಸಾಲುಗಳು ಒಂದೆಡೆ ಕೂಡುತ್ತವೆ. ಅದು ಉಚ್ಚ ನ್ಯಾಯಾಲಯ. ನ್ಯಾಯಾಧಿಕರಣಗಳೂ ಉಚ್ಚ ನ್ಯಾಯಾಲಯದ ಮೇಲ್ವಿಚಾರಣೆಗೆ ಒಳಪಟ್ಟಿವೆಯೆಂದು ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಏಳು ಮಂದಿ ನ್ಯಾಯಮೂರ್ತಿಗಳ ಪೀಠವು 1997ರಲ್ಲಿ ಹೇಳಿತು. ಹಸಿರು ನ್ಯಾಯಾಧಿಕರಣದ ಕಾಯಿದೆಯು ಉಚ್ಚ ನ್ಯಾಯಾಲಯದ ಈ ಅಧಿಕಾರವನ್ನು ಕಸಿದುಕೊಂಡಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2022ರಲ್ಲಿ ಮತ್ತೊಮ್ಮೆ ಸ್ಪಷ್ಟಪಡಿಸಿತು.

ಮೇಲ್ವಿಚಾರಣೆಯ ಎರಡು ಮುಖಗಳು

ಮೇಲ್ವಿಚಾರಣೆ ಎಂಬ ಒಂದೇ ಶಬ್ದದಲ್ಲಿ ಎರಡು ಬೇರೆ ಕೆಲಸಗಳು ಅಡಗಿವೆ. ಮೊದಲನೆಯದು ಆಡಳಿತದ ಮೇಲ್ವಿಚಾರಣೆ. ಸಂವಿಧಾನದ 235ನೆಯ ಅನುಚ್ಛೇದವು ಜಿಲ್ಲಾ ನ್ಯಾಯಾಲಯಗಳ ಹಾಗೂ ಅವುಗಳ ಕೆಳಗಿನ ನ್ಯಾಯಾಲಯಗಳ ಮೇಲಿನ ಹತೋಟಿಯನ್ನು ಉಚ್ಚ ನ್ಯಾಯಾಲಯಕ್ಕೆ ಒಪ್ಪಿಸಿದೆ. ತಾಲ್ಲೂಕು ನ್ಯಾಯಾಧೀಶರ ವರ್ಗಾವಣೆ, ಬಡ್ತಿ, ರಜೆ, ಶಿಸ್ತುಕ್ರಮ ಇವೆಲ್ಲ ಸರ್ಕಾರದ ಕೈಯಲ್ಲಿಲ್ಲ. ಉಚ್ಚ ನ್ಯಾಯಾಲಯದ ಒಬ್ಬೊಬ್ಬ ನ್ಯಾಯಮೂರ್ತಿಗೆ ಒಂದೊಂದು ಜಿಲ್ಲೆಯ ಆಡಳಿತದ ಹೊಣೆಯನ್ನು ವಹಿಸಲಾಗುತ್ತದೆ. ಅವರು ನ್ಯಾಯಾಲಯಗಳನ್ನು ತಪಾಸಣೆ ಮಾಡುತ್ತಾರೆ, ಬಾಕಿ ಮೊಕದ್ದಮೆಗಳ ಲೆಕ್ಕ ಕೇಳುತ್ತಾರೆ, ನ್ಯಾಯಾಧೀಶರ ವಿರುದ್ಧದ ದೂರುಗಳನ್ನು ಗಮನಿಸುತ್ತಾರೆ. ದಾವೆಗಳು ಎಷ್ಟು ಕಾಲದಲ್ಲಿ ಮುಗಿಯಬೇಕೆಂಬ ಬಗ್ಗೆ ಕರ್ನಾಟಕದಲ್ಲಿ 2005ರ ನಿಯಮಗಳೇ ಇವೆ.

ಎರಡನೆಯದು ತೀರ್ಪಿನ ಮೇಲ್ವಿಚಾರಣೆ. ಕೆಳಗಿನ ನ್ಯಾಯಾಧೀಶರು ಕೊಟ್ಟ ಆದೇಶವನ್ನು ತಿದ್ದುವುದಾಗಲಿ, ರದ್ದುಗೊಳಿಸುವುದಾಗಲಿ, ಮರುವಿಚಾರಣೆಗೆ ಕಳಿಸುವುದಾಗಲಿ ಇದರಡಿ ಬರುತ್ತದೆ. ಮೇಲ್ಮನವಿ, ಪುನರೀಕ್ಷಣೆ, ಸಂವಿಧಾನದ 226 ಮತ್ತು 227ನೆಯ ಅನುಚ್ಛೇದಗಳ ಅರ್ಜಿ ಇವು ಅದರ ಹಾದಿಗಳು.

ಈ ಎರಡು ಮುಖಗಳನ್ನು ಬೆರೆಸಬಾರದು. ನ್ಯಾಯಾಧೀಶರ ತೀರ್ಪು ತಪ್ಪೆಂದು ತೋರಿದಾಗ ಕೆಲವರು ಅವರ ಮೇಲೆ ಉಚ್ಚ ನ್ಯಾಯಾಲಯಕ್ಕೆ ದೂರು ಬರೆಯುತ್ತಾರೆ. ದೂರಿನಿಂದ ತೀರ್ಪು ಬದಲಾಗದು. ತೀರ್ಪನ್ನು ಬದಲಿಸಲು ಮೇಲ್ಮನವಿಯೇ ಬೇಕು. ಆಡಳಿತದ ನ್ಯಾಯಮೂರ್ತಿಗಳೂ ಕೂಡ "ಈ ದಾವೆಯಲ್ಲಿ ಹೀಗೆ ತೀರ್ಪು ಕೊಡು" ಎಂದು ತಾಲ್ಲೂಕು ನ್ಯಾಯಾಧೀಶರಿಗೆ ಹೇಳುವಂತಿಲ್ಲ. ದಾವೆಯನ್ನು ಬೇಗ ಮುಗಿಸೆಂದು ಹೇಳಬಹುದು, ಇಂತಿಷ್ಟು ಕಾಲದೊಳಗೆ ಎಂದೂ ಹೇಳಬಹುದು. ಯಾರ ಪರವಾಗಿ ಎಂದು ಹೇಳುವಂತಿಲ್ಲ. ಕೆಳಗಿನ ನ್ಯಾಯಾಧೀಶನ ಸ್ವಾತಂತ್ರ್ಯ ಉಳಿದಿರುವುದು ಈ ಗೆರೆಯ ಮೇಲೆ.

ಈ ಅಧಿಕಾರಕ್ಕೆ ಒಂದು ಚರಿತ್ರೆಯೂ ಇದೆ. 1861ರ ಕಾಯಿದೆಯು ಬ್ರಿಟಿಷ್ ಆಡಳಿತದ ಉಚ್ಚ ನ್ಯಾಯಾಲಯಗಳಿಗೆ ಮೇಲ್ವಿಚಾರಣೆಯನ್ನು ಕೊಟ್ಟಿತು. 1935ರ ಕಾಯಿದೆಯು ಅದನ್ನು ಕುಗ್ಗಿಸಿತು. 1950ರ ಸಂವಿಧಾನವು 227ನೆಯ ಅನುಚ್ಛೇದದ ಮೂಲಕ ಅದನ್ನು ಪೂರ್ಣವಾಗಿ ಹಿಂದಕ್ಕೆ ತಂದಿತು. ತುರ್ತು ಪರಿಸ್ಥಿತಿಯ ಕಾಲದಲ್ಲಿ, 1976ರ 42ನೆಯ ತಿದ್ದುಪಡಿಯು ನ್ಯಾಯಾಧಿಕರಣಗಳ ಮೇಲಿನ ಮೇಲ್ವಿಚಾರಣೆಯನ್ನು ಕಿತ್ತುಕೊಂಡಿತು. 1978ರ 44ನೆಯ ತಿದ್ದುಪಡಿಯು ಅದನ್ನು ಮರಳಿಸಿತು. ಆಳುವವರು ಈ ಅಧಿಕಾರವನ್ನು ಕಂಡು ಅಂಜಿದ್ದರೆಂಬುದೇ ಅದರ ಬೆಲೆಯನ್ನು ತಿಳಿಸುತ್ತದೆ.

ಒಂದು ಕೆರೆಯ ದಾವೆ

ಒಂದು ಊರನ್ನು ಕಲ್ಪಿಸಿಕೊಳ್ಳಿರಿ. ಕೆರೆಯಂಗಳದ ಎರಡು ಎಕರೆಯನ್ನು ಒಬ್ಬ ಬೇಲಿ ಹಾಕಿ ಸೇರಿಸಿಕೊಂಡಿದ್ದಾನೆ. ಸರ್ವೆ ಆಯಿತು, ತಹಸೀಲ್ದಾರರು ತೆರವಿನ ನೋಟಿಸು ಕೊಟ್ಟರು. ಆತ ತಾಲ್ಲೂಕಿನ ಸಿವಿಲ್ ನ್ಯಾಯಾಲಯಕ್ಕೆ ಹೋಗಿ, ಗ್ರಾಮ ಪಂಚಾಯಿತಿಯ ಮೇಲೆ ಮಾತ್ರ ದಾವೆ ಹೂಡಿ, ಪಂಚಾಯಿತಿಯ ಮಾತನ್ನು ಕೇಳುವ ಮೊದಲೇ ತಾತ್ಕಾಲಿಕ ನಿರ್ಬಂಧಕಾಜ್ಞೆಯನ್ನು ಪಡೆಯುತ್ತಾನೆ. ಊರಿನವರು "ಸ್ಟೇ" ಎನ್ನುವುದು ಇದನ್ನೇ.

ಇಲ್ಲಿ ಕಾನೂನು ಏನು ಹೇಳುತ್ತದೆ? ಎದುರುಪಕ್ಷವನ್ನು ಕೇಳದೆ ಆಜ್ಞೆ ಕೊಡುವಾಗ ನ್ಯಾಯಾಧೀಶರು ಅದಕ್ಕೆ ಕಾರಣವನ್ನು ಬರೆಯಬೇಕೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶದ 3ನೆಯ ನಿಯಮ ವಿಧಿಸುತ್ತದೆ. ಇದು ಬರಿಯ ಉಪಚಾರವಲ್ಲ, ಪಾಲಿಸಲೇಬೇಕಾದ ಕಟ್ಟಳೆಯೆಂದು ಸರ್ವೋಚ್ಚ ನ್ಯಾಯಾಲಯವು ದೆಹಲಿಯ ಅನಧಿಕೃತ ಕಟ್ಟಡಗಳ ಮೊಕದ್ದಮೆಯೊಂದರಲ್ಲಿ 1993ರಲ್ಲಿಯೇ ಹೇಳಿದೆ. ಆಜ್ಞೆ ಪಡೆದವನು ದಾವೆಯ ಪ್ರತಿಗಳನ್ನು ಎದುರುಪಕ್ಷಕ್ಕೆ ಕೂಡಲೇ ಕಳಿಸಬೇಕು. ಆ ಅರ್ಜಿಯನ್ನು 30 ದಿನಗಳೊಳಗೆ ತೀರ್ಮಾನಿಸಲು ನ್ಯಾಯಾಲಯವು ಪ್ರಯತ್ನಿಸಬೇಕು, ಆಗದಿದ್ದರೆ ಅದಕ್ಕೂ ಕಾರಣ ಬರೆಯಬೇಕು ಎಂದು 3ಎ ನಿಯಮ ಹೇಳುತ್ತದೆ. ಆ ಅವಧಿ ಕಳೆದೂ ಅರ್ಜಿ ಇತ್ಯರ್ಥವಾಗದಿದ್ದರೆ ಬಾಧಿತನು ಮೇಲ್ಮನವಿ ಹೂಡಬಹುದೆಂದು 2000ದ ಇಸವಿಯ ವೆಂಕಟಸುಬ್ಬಯ್ಯ ನಾಯ್ಡು ಪ್ರಕರಣದಲ್ಲಿ ತೀರ್ಮಾನವಾಗಿದೆ.

ಇಷ್ಟೆಲ್ಲ ಇದ್ದೂ ಕೆರೆಗಳು ಕೈತಪ್ಪುವುದೇಕೆ? ಪಂಚಾಯಿತಿಯ ವಕೀಲರು ವಾಯಿದೆ ಕೇಳುತ್ತಾರೆ. ಸರ್ಕಾರಿ ಕಡತ ತಾಲ್ಲೂಕು ಕಚೇರಿಯಿಂದ ಬರುವುದಿಲ್ಲ. ಸರ್ವೆ ನಕ್ಷೆಯ ದೃಢೀಕೃತ ನಕಲನ್ನು ಯಾರೂ ಹಾಜರುಪಡಿಸುವುದಿಲ್ಲ. ಆಜ್ಞೆಯು ಮುಂದಿನ ವಾಯಿದೆಗೆ, ಅದರ ಮುಂದಿನ ವಾಯಿದೆಗೆ ಎಂದು ಮುಂದುವರಿಯುತ್ತದೆ. ಅಷ್ಟರಲ್ಲಿ ಕೆರೆಯಂಗಳಕ್ಕೆ ಮಣ್ಣು ಬೀಳುತ್ತದೆ, ಕೊಳವೆಬಾವಿ ಬರುತ್ತದೆ, ಮನೆ ಏಳುತ್ತದೆ.

ಆಜ್ಞೆ ಕಾಯಂ ಆದರೆ ಹಿರಿಯ ಸಿವಿಲ್ ನ್ಯಾಯಾಧೀಶರ ಅಥವಾ ಜಿಲ್ಲಾ ನ್ಯಾಯಾಧೀಶರ ಮುಂದೆ ಒಂದು ಮೇಲ್ಮನವಿಗೆ ಅವಕಾಶವಿದೆ. ಅಲ್ಲಿಯೂ ಸೋತರೆ ಅಂಥ ಮಧ್ಯಂತರ ಆದೇಶದ ಮೇಲೆ ಎರಡನೆಯ ಮೇಲ್ಮನವಿಯಿಲ್ಲ. 2002ರ ಜುಲೈ 1ರಿಂದ ಜಾರಿಗೆ ಬಂದ ತಿದ್ದುಪಡಿಯು ಮಧ್ಯಂತರ ಆದೇಶಗಳ ಮೇಲಿನ ಪುನರೀಕ್ಷಣೆಯನ್ನೂ ಬಹಳವಾಗಿ ಕಿರಿದುಗೊಳಿಸಿತು. ಉಳಿಯುವುದು 227ನೆಯ ಅನುಚ್ಛೇದವೊಂದೇ. ಸಿವಿಲ್ ನ್ಯಾಯಾಲಯದ ಆದೇಶದ ಮೇಲೆ 226ರ ರಿಟ್ ಸಲ್ಲದು, 227ರ ಅರ್ಜಿಯನ್ನೇ ಹಾಕಬೇಕು ಎಂದು 2015ರ ರಾಧೇಶ್ಯಾಮ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2003ರ ತನ್ನದೇ ಹಳೆಯ ಅಭಿಪ್ರಾಯವನ್ನು ತಿದ್ದಿತು.

ಆದರೆ 227ರ ಬಾಗಿಲು ಅಗಲವಾದುದಲ್ಲ. ಕೆಳಗಿನ ನ್ಯಾಯಾಲಯವನ್ನು ಅದರ ಅಧಿಕಾರದ ಎಲ್ಲೆಯೊಳಗೆ ಇರಿಸುವುದಕ್ಕಾಗಿ ಈ ಅಧಿಕಾರವಿದೆಯೇ ಹೊರತು ಸಣ್ಣಪುಟ್ಟ ತಪ್ಪುಗಳನ್ನು ತಿದ್ದುವುದಕ್ಕಲ್ಲ ಎಂದು 1954ರ ವರ್ಯಮ್ ಸಿಂಗ್ ಪ್ರಕರಣದಿಂದಲೂ ಹೇಳುತ್ತ ಬರಲಾಗಿದೆ. ಉಚ್ಚ ನ್ಯಾಯಾಲಯವು ಅಲ್ಲಿ ಹೊಸ ಸಾಕ್ಷಿ ಕೇಳದು. ಅದು ನೋಡುವುದು ಕೆಳಗಿನ ನ್ಯಾಯಾಲಯದ ಕಡತವನ್ನು. ಕಡತದಲ್ಲಿ ಸರ್ವೆ ನಕ್ಷೆ ಇಲ್ಲದಿದ್ದರೆ ಉಚ್ಚ ನ್ಯಾಯಾಲಯಕ್ಕೆ ಕೆರೆಯೇ ಕಾಣಿಸದು. ತಾಲ್ಲೂಕಿನಲ್ಲಿ ಕಳೆದುಕೊಂಡ ಕಾಗದವನ್ನು ಬೆಂಗಳೂರಿನಲ್ಲಿ ಹುಡುಕಿ ಫಲವಿಲ್ಲ.

ಕೆಳಗಿನ ಆದೇಶವನ್ನು ಮೇಲಿನವರು ಉಳಿಸಿದ ಕಥೆ

ಮೇಲಿನ ನ್ಯಾಯಾಲಯದ ಕೆಲಸ ಕೆಳಗಿನವರ ತಪ್ಪನ್ನು ಹುಡುಕುವುದಷ್ಟೇ ಎಂದು ತಿಳಿಯುವುದು ಸರಿಯಲ್ಲ. ಕೆಳಗಿನವರ ಸರಿಯಾದ ಆದೇಶವನ್ನು ಎತ್ತಿಹಿಡಿಯುವುದೂ ಅದರ ಕರ್ತವ್ಯ. ಮಧ್ಯಪ್ರದೇಶದ ರತ್ಲಾಮ್ ಪಟ್ಟಣದ ಪ್ರಕರಣವು ಇದಕ್ಕೆ ಮಾದರಿ.

ಅಲ್ಲಿನ ಒಂದು ಬಡಾವಣೆಯಲ್ಲಿ ತೆರೆದ ಚರಂಡಿ ಹರಿಯುತ್ತಿತ್ತು, ಮದ್ಯಸಾರದ ಕಾರ್ಖಾನೆಯ ಹೊಲಸು ನೀರು ಬೀದಿಗೆ ಬರುತ್ತಿತ್ತು. ನಿವಾಸಿಗಳು ಉಪವಿಭಾಗದ ದಂಡಾಧಿಕಾರಿಯ ಮುಂದೆ ಅರ್ಜಿ ಹಾಕಿದರು. ಅಂದಿನ ದಂಡ ಪ್ರಕ್ರಿಯಾ ಸಂಹಿತೆಯ 133ನೆಯ ಕಲಮಿನಡಿ ಆ ದಂಡಾಧಿಕಾರಿಯು ಪುರಸಭೆಗೆ ಚರಂಡಿ ಸರಿಪಡಿಸಲು ಆದೇಶಿಸಿದರು. ಸೆಷನ್ಸ್ ನ್ಯಾಯಾಲಯವು ಆ ಆದೇಶವನ್ನು ರದ್ದುಮಾಡಿತು. ಉಚ್ಚ ನ್ಯಾಯಾಲಯವು ಅದನ್ನು ಮತ್ತೆ ಸ್ಥಾಪಿಸಿತು. ಪುರಸಭೆಯು ಹಣವಿಲ್ಲವೆಂಬ ನೆಪವನ್ನು ಹಿಡಿದು ಸರ್ವೋಚ್ಚ ನ್ಯಾಯಾಲಯಕ್ಕೆ ಹೋಯಿತು. 1980ರ ಜುಲೈ 29ರಂದು ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಹಾಗೂ ನ್ಯಾಯಮೂರ್ತಿ ಓ. ಚಿನ್ನಪ್ಪ ರೆಡ್ಡಿ ಅವರ ಪೀಠವು ದಂಡಾಧಿಕಾರಿಯ ಆದೇಶವನ್ನೇ ಎತ್ತಿಹಿಡಿಯಿತು. ಹಣವಿಲ್ಲವೆಂಬುದು ಕರ್ತವ್ಯದಿಂದ ಜಾರಿಕೊಳ್ಳಲು ಉತ್ತರವಾಗದು ಎಂಬುದು ಆ ತೀರ್ಪಿನ ತಿರುಳು. ಕಾಲಮಿತಿಯನ್ನು ಗೊತ್ತುಪಡಿಸಿ, ಅದರ ಪಾಲನೆಯನ್ನು ನೋಡುವ ಹೊಣೆಯನ್ನು ಮತ್ತೆ ಆ ದಂಡಾಧಿಕಾರಿಗೇ ಒಪ್ಪಿಸಿತು.

ಇದರಲ್ಲಿ ಗಮನಿಸಬೇಕಾದ ಸಂಗತಿಯಿದೆ. ದೇಶದ ಅತ್ಯುನ್ನತ ನ್ಯಾಯಾಲಯವು ಹೊಸದಾಗಿ ಏನನ್ನೂ ಕಂಡುಹಿಡಿಯಲಿಲ್ಲ. ಉಪವಿಭಾಗದ ಅಧಿಕಾರಿಯೊಬ್ಬನು ಸ್ಥಳವನ್ನು ನೋಡಿ ಬರೆದ ಆದೇಶಕ್ಕೆ ಬಲ ತುಂಬಿತು. ಆ ಮೊದಲ ಆದೇಶವೇ ಇಲ್ಲದಿದ್ದಲ್ಲಿ ಎತ್ತಿಹಿಡಿಯಲು ಏನೂ ಇರುತ್ತಿರಲಿಲ್ಲ.

ದೊಡ್ಡಬಳ್ಳಾಪುರದ ಪಕ್ಕದ ದೊಡ್ಡತುಮಕೂರು ಹಾಗೂ ಮಜರಾಹೊಸಹಳ್ಳಿ ಕೆರೆಗಳಿಗೆ ನಗರದ ಒಳಚರಂಡಿಯ ನೀರು ಮತ್ತು ಕೈಗಾರಿಕಾ ಪ್ರದೇಶದ ತ್ಯಾಜ್ಯ ಸೇರುತ್ತಿರುವ ಬಗ್ಗೆ ಅಲ್ಲಿನ ಗ್ರಾಮಸ್ಥರು ವರ್ಷಗಳಿಂದ ಹೋರಾಡುತ್ತ ಬಂದಿದ್ದಾರೆ. ಕುಡಿಯುವ ನೀರೇ ಕೆಟ್ಟಿತೆಂಬುದು ಅವರ ಅಳಲು. ರತ್ಲಾಮಿನ ನಿವಾಸಿಗಳ ಅಳಲೂ ಇದೇ ಬಗೆಯದಾಗಿತ್ತು. ಅವರು ಬಳಸಿದ 133ನೆಯ ಕಲಮು 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 152ನೆಯ ಕಲಮಾಗಿ ಉಳಿದಿದೆ. ಸಾರ್ವಜನಿಕ ಉಪದ್ರವವನ್ನು ತೆಗೆಯುವಂತೆ ಉಪವಿಭಾಗದ ದಂಡಾಧಿಕಾರಿಯನ್ನು ಕೇಳಲು ಸಾಮಾನ್ಯ ಗ್ರಾಮಸ್ಥನಿಗೆ ದೊಡ್ಡ ವಕೀಲರೂ ಬೇಕಿಲ್ಲ, ದೆಹಲಿಯ ಪ್ರಯಾಣವೂ ಬೇಕಿಲ್ಲ. ಅಧಿಕಾರಿ ಅರ್ಜಿಯನ್ನು ಕಟ್ಟಿಟ್ಟು ಕೂತರೆ, ಕರ್ತವ್ಯ ಮಾಡೆಂದು ನಿರ್ದೇಶಿಸುವಂತೆ ಉಚ್ಚ ನ್ಯಾಯಾಲಯವನ್ನು 226ರಡಿ ಕೇಳುವ ಹಾದಿ ತೆರೆದಿದೆ.

ಮೇಲಿನಿಂದ ಇಳಿಯುವ ನಿರ್ದೇಶನ

ಮೇಲಿನ ನ್ಯಾಯಾಲಯವು ಒಂದೊಂದು ಮೊಕದ್ದಮೆಯನ್ನು ತಿದ್ದುವುದಲ್ಲದೆ ಎಲ್ಲ ಕೆಳಗಿನ ನ್ಯಾಯಾಲಯಗಳಿಗೂ ಅನ್ವಯಿಸುವ ನಿಯಮವನ್ನು ಹೇಳುವುದೂ ಉಂಟು. ಸರ್ವೋಚ್ಚ ನ್ಯಾಯಾಲಯವು ಸಾರಿದ ಕಾನೂನು ದೇಶದ ಎಲ್ಲ ನ್ಯಾಯಾಲಯಗಳನ್ನೂ ಕಟ್ಟಿಹಾಕುತ್ತದೆ ಎಂದು 141ನೆಯ ಅನುಚ್ಛೇದ ಹೇಳುತ್ತದೆ. ಕಂದಾಯ ದಾಖಲೆಯಲ್ಲಿ ಏನೇ ಹೆಸರಿದ್ದರೂ ಕಾಡು ಕಾಡೇ ಎಂದು 1996ರ ಡಿಸೆಂಬರ್ 12ರ ಗೋದಾವರ್ಮನ್ ಆದೇಶವು ಸಾರಿದ್ದು ಬೆಟ್ಟದ ಊರುಗಳವರಿಗೆ ತಿಳಿದೇ ಇದೆ. ಕುದುರೆಮುಖದ ಗಣಿಗಾರಿಕೆಯ ಅಂತ್ಯಕ್ಕೆ 2002ರಲ್ಲಿ ಆದೇಶವಾದದ್ದು ಅದೇ ಮೊಕದ್ದಮೆಯ ಸರಣಿಯಲ್ಲಿ.

ಕೆರೆಗಳ ವಿಷಯದಲ್ಲಿ ನೆನಪಿಡಬೇಕಾದುದು 2011ರ ಜನವರಿ 28ರ ಜಗಪಾಲ್ ಸಿಂಗ್ ತೀರ್ಪು. ಪಂಜಾಬಿನ ಪಟಿಯಾಲಾ ಜಿಲ್ಲೆಯ ಒಂದು ಹಳ್ಳಿಯ ಕೊಳವನ್ನು ಕೆಲವರು ಮುಚ್ಚಿ ಮನೆ ಕಟ್ಟಿದ್ದರು. ಹಣ ಪಡೆದು ಅವರಿಗೇ ಬಿಟ್ಟುಬಿಡಬಹುದೆಂದು ಅಲ್ಲಿನ ಜಿಲ್ಲಾಧಿಕಾರಿ ಹೇಳಿದ್ದರು. ಮೇಲಿನ ಆಯುಕ್ತರು ಅದನ್ನು ರದ್ದುಮಾಡಿದರು; ಉಚ್ಚ ನ್ಯಾಯಾಲಯ, ಸರ್ವೋಚ್ಚ ನ್ಯಾಯಾಲಯಗಳೆರಡೂ ಆಯುಕ್ತರ ಆದೇಶವನ್ನು ಒಪ್ಪಿದವು. ಗ್ರಾಮದ ಸಾಮುದಾಯಿಕ ಜಮೀನುಗಳ ಒತ್ತುವರಿಯನ್ನು ತೆರವುಗೊಳಿಸಲು ಎಲ್ಲ ರಾಜ್ಯಗಳೂ ಯೋಜನೆ ರೂಪಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು ನಿರ್ದೇಶಿಸಿತು. ಬಹುಕಾಲದ ಒತ್ತುವರಿ, ಅಪಾರ ಖರ್ಚು, ರಾಜಕೀಯ ಬಲ ಇವು ಸಕ್ರಮಕ್ಕೆ ಕಾರಣವಾಗಲಾರವು ಎಂದಿತು.

ಕರ್ನಾಟಕ ಉಚ್ಚ ನ್ಯಾಯಾಲಯವೂ ಕೆರೆಗಳ ಕುರಿತು 2008ರಲ್ಲಿ ಸಲ್ಲಿಕೆಯಾದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯಲ್ಲಿ ನ್ಯಾಯಮೂರ್ತಿ ಎನ್.ಕೆ. ಪಾಟೀಲ್ ಸಮಿತಿಯ ವರದಿಯನ್ನು 2011ರಲ್ಲಿ ಪಡೆದು, 2012ರಲ್ಲಿ ಜಿಲ್ಲಾ ಮಟ್ಟದ ಕೆರೆ ಸಂರಕ್ಷಣಾ ಸಮಿತಿಗಳ ವ್ಯವಸ್ಥೆಗೆ ಆದೇಶಿಸಿತು.

ಹಾಗೆಂದು ಮೇಲಿನ ನ್ಯಾಯಾಲಯವು ಪ್ರತಿ ಬಾರಿಯೂ ಕೆರೆಯ ಪರವಾಗಿಯೇ ತಿದ್ದುತ್ತದೆ ಎಂದು ನಂಬುವುದು ಭ್ರಮೆ. ಬೆಂಗಳೂರಿನ ಅಗರ ಹಾಗೂ ಬೆಳ್ಳಂದೂರು ಕೆರೆಗಳ ನಡುವಣ ನಿರ್ಮಾಣಗಳ ಪ್ರಕರಣದಲ್ಲಿ ಹಸಿರು ನ್ಯಾಯಾಧಿಕರಣವು 2016ರ ಮೇ 4ರಂದು ಕೆರೆಯ ಸುತ್ತ 75 ಮೀಟರ್ ಮೀಸಲು ವಲಯವನ್ನು ವಿಧಿಸಿತು. ಮಹಾಯೋಜನೆಯಲ್ಲಿದ್ದುದು 30 ಮೀಟರ್. 2019ರ ಮಾರ್ಚ್ 5ರಂದು ಸರ್ವೋಚ್ಚ ನ್ಯಾಯಾಲಯವು ಆ ಸಾರ್ವತ್ರಿಕ ನಿರ್ದೇಶನವನ್ನು ಬದಿಗೊತ್ತಿತು. ಶಾಸನದ ಬಲವಿರುವ ಯೋಜನೆಯನ್ನು ಬದಲಿಸುವ ಅಧಿಕಾರ ನ್ಯಾಯಾಧಿಕರಣಕ್ಕಿಲ್ಲ ಎಂಬುದು ಅದರ ಕಾರಣ. ಕೆರೆಯ ದೃಷ್ಟಿಯಿಂದ ಅದು ನಷ್ಟವೇ ಸರಿ. ಆದರೆ ಕಲಿಯಬೇಕಾದ ಪಾಠವೂ ಇದೆ. ಅಧಿಕಾರದ ಎಲ್ಲೆ ಮೀರಿದ ಆದೇಶ ಎಷ್ಟೇ ಒಳ್ಳೆಯದಾಗಿದ್ದರೂ ಮೇಲೆ ನಿಲ್ಲದು. ಹೆಚ್ಚಿನ ಮೀಸಲು ವಲಯ ಬೇಕಾದರೆ ಅದನ್ನು ಯೋಜನೆಯಲ್ಲಿಯೇ, ಕಾನೂನಿನಲ್ಲಿಯೇ ಬರೆಸಬೇಕು. ಅದು ವಿಧಾನಸೌಧದ ಮುಂದೆ ಮಾಡಬೇಕಾದ ಹೋರಾಟ.

ತಡೆಯಾಜ್ಞೆಯ ಆಯುಷ್ಯ

ಮೇಲಿನ ನ್ಯಾಯಾಲಯಗಳ ತಡೆಯಾಜ್ಞೆಯೇ ಕೆಲವೊಮ್ಮೆ ಕೆಳಗಿನ ವಿಚಾರಣೆಯನ್ನು ವರ್ಷಗಟ್ಟಲೆ ಕಟ್ಟಿಹಾಕುತ್ತದೆ. 2018ರ ಮಾರ್ಚಿನಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠವು, ವಿಚಾರಣೆಗೆ ಕೊಟ್ಟ ತಡೆಯು ಆರು ತಿಂಗಳ ಬಳಿಕ ತಾನಾಗಿಯೇ ಮುಗಿಯುತ್ತದೆ, ಕಾರಣ ಬರೆದು ವಿಸ್ತರಿಸಿದರೆ ಮಾತ್ರ ಉಳಿಯುತ್ತದೆ ಎಂದಿತು. ಹಳ್ಳಿಗಳಲ್ಲಿಯೂ ಈ ಮಾತು ಹಬ್ಬಿ, ಆರು ತಿಂಗಳಾದರೆ ಸ್ಟೇ ಬಿದ್ದುಹೋಗುತ್ತದೆ ಎಂದು ಹೇಳುವವರು ಈಗಲೂ ಇದ್ದಾರೆ. ಆದರೆ 2024ರ ಫೆಬ್ರವರಿ 29ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು ಆ ನಿಯಮವನ್ನು ತೆಗೆದುಹಾಕಿತು. ತಡೆಯಾಜ್ಞೆ ತಾನಾಗಿಯೇ ಸಾಯುವುದಿಲ್ಲ. ಅದನ್ನು ತೆರವುಗೊಳಿಸಿರೆಂದು ಬಾಧಿತರು ಅರ್ಜಿ ಹಾಕಬೇಕು. ಅದೇ ತೀರ್ಪು ಇನ್ನೊಂದು ಮಾತನ್ನೂ ಹೇಳಿದೆ. ಕೆಳಗಿನ ನ್ಯಾಯಾಲಯಗಳು ಇಂತಿಷ್ಟು ದಿನದೊಳಗೆ ಮೊಕದ್ದಮೆ ಮುಗಿಸಬೇಕೆಂದು ಮೇಲಿನಿಂದ ಗಡುವು ವಿಧಿಸುವುದು ಅಪರೂಪದ ಸಂದರ್ಭಗಳಿಗಷ್ಟೇ ಇರಬೇಕು. ಯಾವ ಮೊಕದ್ದಮೆ ಮೊದಲು ಎಂಬುದನ್ನು ಅಲ್ಲಿನ ಪರಿಸ್ಥಿತಿ ಬಲ್ಲ ನ್ಯಾಯಾಧೀಶರಿಗೇ ಬಿಡುವುದು ಲೇಸು.

ಕೆಳಗಿನ ನ್ಯಾಯಾಧೀಶರಿಗೆ ರಕ್ಷಣೆ

ತಾಲ್ಲೂಕು ಪಟ್ಟಣದ ಯುವ ನ್ಯಾಯಾಧೀಶರ ಸ್ಥಿತಿಯನ್ನೂ ಯೋಚಿಸಬೇಕು. ವಿಮಾನ ನಿಲ್ದಾಣ ಬಂದ ಮೇಲೆ ದೇವನಹಳ್ಳಿಯ ಸುತ್ತಣ ನೆಲದ ಬೆಲೆ ಏರಿದ ಬಗೆ ಎಲ್ಲರಿಗೂ ತಿಳಿದಿದೆ. ಅಂಥ ನೆಲದ ದಾವೆಯಲ್ಲಿ ಬಲಾಢ್ಯರ ವಿರುದ್ಧ ಆದೇಶ ಬರೆಯುವವರ ಮೇಲೆ ಸುಳ್ಳು ದೂರುಗಳೂ ಹೋಗಬಹುದು. ಉಚ್ಚ ನ್ಯಾಯಾಲಯದ ಹತೋಟಿಯು ಅವರಿಗೆ ಚಾಟಿಯಾಗುವುದಕ್ಕಿಂತ ಆಸರೆಯಾಗಬೇಕೆಂದು 1988ರ ಈಶ್ವರಚಂದ್ ಜೈನ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿದೆ. ತೀರ್ಪನ್ನು ತಿದ್ದುವಾಗ ತೀರ್ಪು ಬರೆದವರನ್ನು ಕಟುವಾಗಿ ಟೀಕಿಸುವುದರಿಂದ ಮೇಲಿನವರು ದೂರವಿರಬೇಕೆಂದು 2001ರ ಇನ್ನೊಂದು ತೀರ್ಪು ಎಚ್ಚರಿಸಿದೆ. ಕೆಳಗಿನ ನ್ಯಾಯಾಲಯಕ್ಕೆ ಅವಮಾನ ಮಾಡಿದವನನ್ನು ಶಿಕ್ಷಿಸುವ ಅಧಿಕಾರವನ್ನು 1971ರ ನ್ಯಾಯಾಲಯ ನಿಂದನೆ ಕಾಯಿದೆಯು ಉಚ್ಚ ನ್ಯಾಯಾಲಯಕ್ಕೆ ಕೊಟ್ಟಿರುವುದು ಇದೇ ಕಾರಣಕ್ಕೆ. ನಿರ್ಭೀತ ತಾಲ್ಲೂಕು ನ್ಯಾಯಾಧೀಶರಿಲ್ಲದೆ ಕೆರೆಗೆ ರಕ್ಷಣೆಯಿಲ್ಲ.

ಊರಿನವರು ಮಾಡಬೇಕಾದದ್ದು

ಇಷ್ಟು ಹೇಳಿದ ಮೇಲೆ ಊರಿನ ಕೆಲಸವೇನೆಂಬುದು ಸ್ಪಷ್ಟವಾಗುತ್ತದೆ.

ಮೊದಲನೆಯದಾಗಿ, ತೆರವಿನ ನೋಟಿಸು ಹೊರಡುವ ಮುನ್ನವೇ ಪಂಚಾಯಿತಿಯಿಂದ ತಾಲ್ಲೂಕು ನ್ಯಾಯಾಲಯದಲ್ಲಿ ಕೇವಿಯಟ್ ಹಾಕಿಸಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ 148ಎ ಕಲಮಿನ ಈ ಅರ್ಜಿ 90 ದಿನ ಜೀವಂತವಿರುತ್ತದೆ. ಆ ಅವಧಿಯಲ್ಲಿ ಒತ್ತುವರಿದಾರನು ಅರ್ಜಿ ತಂದರೆ ಪಂಚಾಯಿತಿಗೆ ನೋಟಿಸು ಕೊಡಬೇಕಾಗುತ್ತದೆ.

ಎರಡನೆಯದಾಗಿ, ಕೆರೆಯ ಮೂಲ ಸರ್ವೆ ನಕ್ಷೆ, ಪಹಣಿ, ಗಡಿ ಗುರುತಿನ ಮಹಜರು ಇವುಗಳ ದೃಢೀಕೃತ ನಕಲುಗಳು ಊರಿನಲ್ಲಿಯೇ ಇರಬೇಕು. ನೆಲದ ಅಳತೆಯ ಬಗ್ಗೆ ತಕರಾರಿದ್ದರೆ ಸ್ಥಳ ಪರಿಶೀಲನೆಗೆ ಕಮಿಷನರನ್ನು ನೇಮಿಸಲು 26ನೆಯ ಆದೇಶದ 9ನೆಯ ನಿಯಮದಡಿ ತಾಲ್ಲೂಕು ನ್ಯಾಯಾಲಯವನ್ನೇ ಕೇಳಬೇಕು. ಆ ವರದಿ ಕಡತಕ್ಕೆ ಸೇರಿದರೆ ಮೇಲಿನ ಎಲ್ಲ ನ್ಯಾಯಾಲಯಗಳಿಗೂ ಕೆರೆ ಕಾಣುತ್ತದೆ.

ಮೂರನೆಯದಾಗಿ, ಪಂಚಾಯಿತಿಯೇ ಒತ್ತುವರಿದಾರನೊಡನೆ ಶಾಮೀಲಾದರೆ ಕೈಕಟ್ಟಿ ಕೂರಬೇಕಿಲ್ಲ. ಕೆರೆಯ ನೀರನ್ನು ಅವಲಂಬಿಸಿದವರು ತಮ್ಮನ್ನೂ ಪ್ರತಿವಾದಿಗಳಾಗಿ ಸೇರಿಸಿಕೊಳ್ಳಬೇಕೆಂದು 1ನೆಯ ಆದೇಶದ 10ನೆಯ ನಿಯಮದಡಿ ಕೇಳಬಹುದು. ಸಾರ್ವಜನಿಕ ಉಪದ್ರವದ ವಿರುದ್ಧ ನ್ಯಾಯಾಲಯದ ಅನುಮತಿ ಪಡೆದು ಇಬ್ಬರು ಸಾಮಾನ್ಯರೇ 91ನೆಯ ಕಲಮಿನಡಿ ದಾವೆ ಹೂಡಬಹುದು. ಮಹಿಳೆಯರು, ಪರಿಶಿಷ್ಟ ಜಾತಿ ಹಾಗೂ ಪಂಗಡದವರು ತಮ್ಮ ವರಮಾನವನ್ನು ಲೆಕ್ಕಿಸದೆ ಉಚಿತ ಕಾನೂನು ನೆರವಿಗೆ ಅರ್ಹರು. ತಾಲ್ಲೂಕು ಕಾನೂನು ಸೇವಾ ಸಮಿತಿ ಇರುವುದು ಇದಕ್ಕಾಗಿಯೇ.

ನಾಲ್ಕನೆಯದಾಗಿ, ವಾಯಿದೆಗಳ ಮೇಲೆ ಕಣ್ಣಿಡಬೇಕು. ಇಂದು ದಾವೆಯ ಸಂಖ್ಯೆ ತಿಳಿದರೆ ಮುಂದಿನ ದಿನಾಂಕವನ್ನೂ ಆದೇಶವನ್ನೂ ಇ-ಕೋರ್ಟ್ಸ್ ವ್ಯವಸ್ಥೆಯಲ್ಲಿ ಮೊಬೈಲಿನಲ್ಲಿಯೇ ನೋಡಬಹುದು. ಪ್ರತಿ ಊರಿನ ಇಬ್ಬರು ವಿದ್ಯಾರ್ಥಿಗಳು ತಮ್ಮ ಕೆರೆಯ ದಾವೆಯ ದಿನಚರಿಯನ್ನು ಬರೆದಿಡಬೇಕು. 30 ದಿನ ಕಳೆದರೂ ಏಕಪಕ್ಷೀಯ ಆಜ್ಞೆ ಇತ್ಯರ್ಥವಾಗದಿದ್ದರೆ ವಕೀಲರನ್ನು ಎಚ್ಚರಿಸುವ ಕೆಲಸ ಅವರದಾಗಲಿ.

ಮಿತ್ರರೇ, ಮೇಲ್ವಿಚಾರಣೆ ಎಂಬುದು ಮೇಲಿನಿಂದ ತಾನಾಗಿಯೇ ಬರುವ ಕೃಪೆಯಲ್ಲ. ಉಚ್ಚ ನ್ಯಾಯಾಲಯಕ್ಕೆ ಕಣ್ಣಿದೆ. ಆದರೆ ಆ ಕಣ್ಣಿಗೆ ತೋರಿಸುವವರು ಬೇಕು, ತೋರಿಸಲು ಕಡತ ಬೇಕು. ಆ ಕಡತ ಹುಟ್ಟುವುದು ದೊಡ್ಡಬಳ್ಳಾಪುರದಲ್ಲಿ, ದೇವನಹಳ್ಳಿಯಲ್ಲಿ, ಹೊಸಕೋಟೆಯಲ್ಲಿ, ನೆಲಮಂಗಲದಲ್ಲಿ, ಬೆಳಗಿನ ಬಸ್ಸಿಗೆ ಹೋಗಿ ಸಂಜೆಗೆ ಮನೆ ಸೇರಬಹುದಾದ ದೂರದಲ್ಲಿ. ಮುಂದಿನ ವಾಯಿದೆಯಂದು ಆ ನ್ಯಾಯಾಲಯದ ಹಿಂದಿನ ಬೆಂಚಿನಲ್ಲಿ ಊರಿನ ನಾಲ್ವರು ಕುಳಿತಿರಲಿ. ಕೆರೆಗೆ ಕೇಳುವವರಿದ್ದಾರೆಂಬುದು ನ್ಯಾಯಾಧೀಶರಿಗೂ, ಎರಡೂ ಕಡೆಯ ವಕೀಲರಿಗೂ ಅಂದೇ ತಿಳಿಯಲಿ.